ಸರ್ಕಾರಿ ನೌಕರಿಯಲ್ಲಿ ಹಿರಿತನ

ತಾಲ್ಲೂಕು ಕಚೇರಿಗೆ ಕಾರ್ಯಾರ್ಥವಾಗಿ ಹೋದವರಿಗೆ ಅಲ್ಲಿಯ ಗೋಡೆಯ ಮೇಲೆ ಅಂಟಿಸಿರುವ ಕಾಗದಗಳನ್ನು ಓದುವ ತಾಳ್ಮೆ ಸಾಮಾನ್ಯವಾಗಿ ಇರುವುದಿಲ್ಲ. ಕೆಲವು ವರುಷಗಳ ಹಿಂದೆ ದೇವನಹಳ್ಳಿಯ ಕಡೆ ಒಂದು ಕಚೇರಿಯಲ್ಲಿ, ಪಹಣಿಯ ತಿದ್ದುಪಡಿಯೊಂದಕ್ಕಾಗಿ ಬೆಳಗಿನಿಂದ ಕಾದು ಕುಳಿತಿದ್ದ ನಮಗೆ ಮಾತ್ರ ಆ ತಾಳ್ಮೆ ತಾನಾಗಿ ಒದಗಿತು. ಗೋಡೆಯ ಮೇಲಿದ್ದ ಕಾಗದದಲ್ಲಿ ಕ್ರಮಸಂಖ್ಯೆ, ಹೆಸರು, ಹುಟ್ಟಿದ ದಿನಾಂಕ, ಸೇವೆಗೆ ಸೇರಿದ ದಿನಾಂಕ, ಈಗಿರುವ ಹುದ್ದೆಗೆ ಬಂದ ದಿನಾಂಕ, ಹೀಗೆ ಅಂಕಣಗಳಿದ್ದುವು. ವಯಸ್ಸಾದ ಗುಮಾಸ್ತರೊಬ್ಬರು ಅದರ ಮೇಲೆ ಬೆರಳಿಟ್ಟು ಸಾಲುಸಾಲಾಗಿ ಕೆಳಗಿಳಿದು ಬಂದು, ಒಂದು ಹೆಸರಿನ ಬಳಿ ನಿಲ್ಲಿಸಿ, ನಮ್ಮ ಕಡೆ ತಿರುಗಿ ಹೇಳಿದರು: “ಇನ್ನು ಮೂರು ಹೆಸರು ಸ್ವಾಮಿ. ನನಗೆ ಉಳಿದಿರುವುದು ಎರಡು ವರುಷ.”

ಆ ಮಾತಿನ ಅರ್ಥ ನಮಗೆ ಕೂಡಲೇ ಆಗಲಿಲ್ಲ. ಆಮೇಲೆ ತಿಳಿಯಿತು. ಅವರಿಗಿಂತ ಮೇಲೆ ಮೂವರ ಹೆಸರುಗಳಿದ್ದುವು. ಆ ಮೂವರಿಗೂ ಬಡ್ತಿಯಾಗಿ, ನಾಲ್ಕನೆಯದಾಗಿ ಒಂದು ಸ್ಥಾನ ತೆರವಾಗುವ ಮೊದಲೇ ನಿವೃತ್ತಿಯ ದಿನ ಬಂದುಬಿಟ್ಟರೆ ಅವರು ಗುಮಾಸ್ತರಾಗಿಯೇ ಮನೆಗೆ ಹೋಗತಕ್ಕವರು. ಮೂವತ್ತು ವರುಷಗಳ ದುಡಿಮೆಯ ಕೊನೆಗೆ ಅವರ ಮನಸ್ಸೆಲ್ಲ ಆ ಮೂರು ಸಾಲುಗಳಲ್ಲಿ ನೆಟ್ಟಿತ್ತು.

ಈ ಕಾಗದಕ್ಕೆ ಜ್ಯೇಷ್ಠತಾ ಪಟ್ಟಿಯೆಂದು ಹೆಸರು. ಯಾರು ಮೊದಲು ಬಂದರೋ ಅವರಿಗೆ ಮೊದಲು ಬಡ್ತಿ ಎಂಬುದು ಅದರ ಮೂಲತತ್ತ್ವ. ಹೊರಗಿನವರು ಇದನ್ನು ನೋಡಿ ನಗುವುದುಂಟು. ಕಾಲ ಕಳೆದುದಕ್ಕೇ ಬಹುಮಾನವೇ ಎಂದು ಕೇಳುವುದುಂಟು. ಆದರೆ ಈ ಪಟ್ಟಿ ಎಲ್ಲಿಂದ ಬಂದಿತು, ಇದು ಬರುವ ಮೊದಲು ಆ ಸ್ಥಾನದಲ್ಲಿ ಏನಿತ್ತು ಎಂಬುದನ್ನು ವಿಚಾರಿಸಿದವರು ಅಷ್ಟು ಸುಲಭವಾಗಿ ನಗಲಾರರು. ಬೆಂಗಳೂರಿನ ಸುತ್ತಣ ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ ತಾಲ್ಲೂಕುಗಳನ್ನು ಕಣ್ಣೆದುರಿಗಿಟ್ಟುಕೊಂಡು ಆ ಚರಿತ್ರೆಯನ್ನು ಈ ಹೊತ್ತು ಸ್ವಲ್ಪಮಟ್ಟಿಗೆ ನೋಡೋಣ.

ಮೊದಲು ಹಳ್ಳಿಯಿಂದ ಪ್ರಾರಂಭಿಸುವುದು ಯುಕ್ತ. ನಮ್ಮ ಅಜ್ಜಂದಿರ ಕಾಲದ ಜನಕ್ಕೆ ಸರ್ಕಾರವೆಂದರೆ ಊರಿನ ಶಾನುಭೋಗರು ಮತ್ತು ಪಟೇಲರು. ಲೆಕ್ಕವೆಲ್ಲ ಶಾನುಭೋಗರ ಕೈಯಲ್ಲಿ. ಕಂದಾಯದ ವಸೂಲಿ, ಊರಿನ ಶಿಸ್ತು ಪಟೇಲರ ಕೈಯಲ್ಲಿ. ಇವರ ಕೆಳಗೆ ತಳವಾರ, ತೋಟಿ, ಕೆರೆಯ ನೀರನ್ನು ಹಂಚುವ ನೀರಗಂಟಿ. ಈ ಹುದ್ದೆಗಳಿಗೆ ಪರೀಕ್ಷೆಯಿರಲಿಲ್ಲ, ಅರ್ಜಿಯಿರಲಿಲ್ಲ. ಅವು ಮನೆತನದ ಸೊತ್ತು. ತಂದೆಯ ತರುವಾಯ ಸಾಮಾನ್ಯವಾಗಿ ಮನೆಯ ಹಿರಿಯ ಮಗನೇ ಆ ಸ್ಥಾನದಲ್ಲಿ ಕುಳಿತುಕೊಳ್ಳುವನು. ಮೈಸೂರು ಸರ್ಕಾರವು 1908ರಲ್ಲಿ ಗ್ರಾಮಾಧಿಕಾರಗಳ ವಿಷಯವಾಗಿ ಒಂದು ಶಾಸನವನ್ನೇ ಮಾಡಿ ಈ ವಂಶಪರಂಪರೆಗೆ ಕಾನೂನಿನ ರೂಪವನ್ನು ಕೊಟ್ಟಿತು.

ಇಲ್ಲಿಯೂ ಜ್ಯೇಷ್ಠತೆಯೆಂಬ ಶಬ್ದ ಸಲ್ಲುತ್ತದೆ. ಆದರೆ ಅದು ಹುಟ್ಟಿನ ಜ್ಯೇಷ್ಠತೆ. ಅಣ್ಣನಾಗಿ ಹುಟ್ಟಿದುದೇ ಅರ್ಹತೆ. ಮತ್ತೊಂದು ಸಂಗತಿಯನ್ನೂ ಗಮನಿಸಬೇಕು. ಈ ವ್ಯವಸ್ಥೆಯಲ್ಲಿ ಹೊರಗಿನವನು ಒಳಕ್ಕೆ ಬರುವಂತಿರಲಿಲ್ಲ, ಒಳಗಿದ್ದವನಿಗೂ ಮೇಲೇರುವ ಮೆಟ್ಟಿಲಿರಲಿಲ್ಲ. ಲೆಕ್ಕದಲ್ಲಿ ಎಷ್ಟೇ ಗಟ್ಟಿಗನಾದರೂ ಶಾನುಭೋಗನು ಶಾನುಭೋಗನಾಗಿಯೇ ಮುಗಿಯುವನು. ತೋಟಿಯ ಮಗ ಎಷ್ಟು ಬುದ್ಧಿವಂತನಾದರೂ ತೋಟಿಯೇ ಆಗುವನು.

ಭಾರತ ಸಂವಿಧಾನವು 1950ರಲ್ಲಿ ಜಾರಿಗೆ ಬಂದಾಗ ಅದರ 16ನೆಯ ಅನುಚ್ಛೇದದಲ್ಲಿ, ಸರ್ಕಾರದ ಉದ್ಯೋಗದ ವಿಷಯದಲ್ಲಿ ವಂಶದ ಕಾರಣದಿಂದ ಭೇದ ಮಾಡಕೂಡದೆಂದು ಬರೆಯಲ್ಪಟ್ಟಿತು. ಆಂಧ್ರಪ್ರದೇಶದ ಗ್ರಾಮಾಧಿಕಾರಿಯ ಹುದ್ದೆಯೊಂದರ ಬಗ್ಗೆ ಎದ್ದ ವ್ಯಾಜ್ಯದಲ್ಲಿ, 1960ರ ಡಿಸೆಂಬರಿನಲ್ಲಿ, ಸರ್ವೋಚ್ಚ ನ್ಯಾಯಾಲಯವು ವಂಶಪರಂಪರೆಯ ಈ ಕ್ರಮ ಸಂವಿಧಾನಕ್ಕೆ ವಿರುದ್ಧವೆಂದು ತೀರ್ಮಾನಿಸಿತು. ಮೈಸೂರು ರಾಜ್ಯದ ಶಾಸನಸಭೆ 1961ರಲ್ಲಿ ಗ್ರಾಮಾಧಿಕಾರಗಳ ರದ್ದಿಯಾತಿ ಶಾಸನವನ್ನು ಅಂಗೀಕರಿಸಿತು. 1963ರ ಫೆಬ್ರವರಿ 1ನೆಯ ತಾರೀಖಿನಿಂದ ಅದು ಜಾರಿಗೆ ಬಂದು, ಶಾನುಭೋಗರ ಸ್ಥಾನದಲ್ಲಿ ಗ್ರಾಮಲೆಕ್ಕಿಗನೆಂಬ ಸಂಬಳದ ನೌಕರನು ಕಾಣಿಸಿಕೊಂಡನು. ಅವನ ಹೆಸರು ಒಂದು ಪಟ್ಟಿಯಲ್ಲಿ ಸೇರಿತು. ಆ ಹೆಸರಿನ ಮುಂದೆ ತಂದೆಯ ಹುದ್ದೆಯ ಬದಲಾಗಿ ಅವನ ನೇಮಕದ ದಿನಾಂಕ ನಿಂತಿತು. ಕಂದಾಯ ನಿರೀಕ್ಷಕ, ಶಿರಸ್ತೇದಾರ, ತಹಶೀಲ್ದಾರ ಎಂಬ ಮೆಟ್ಟಿಲುಗಳು ಅವನಿಗೆ ತೆರೆದುವು. ಹಳ್ಳಿಯ ಮಟ್ಟಿಗೆ ಹುಟ್ಟಿನ ಹಿರಿತನ ಹೋಗಿ ಸೇವೆಯ ಹಿರಿತನ ಬಂದುದು ಈ ಬಗೆಯಿಂದ.

ಹಳ್ಳಿಯನ್ನು ಬಿಟ್ಟು ತಾಲ್ಲೂಕಿನ ಕಸಬೆಗೆ ಬಂದರೆ ಅಲ್ಲಿಯ ಚರಿತ್ರೆ ಬೇರೆ. ದಿವಾನ್ ಪೂರ್ಣಯ್ಯನವರ ಕಾಲದಲ್ಲಾಗಲಿ, 1831ರಲ್ಲಿ ಬ್ರಿಟಿಷರು ಆಡಳಿತವನ್ನು ವಹಿಸಿಕೊಂಡ ಮೇಲೆ 1834ರಿಂದ 1861ರ ವರೆಗೆ ಕಮಿಷನರಾಗಿದ್ದ ಮಾರ್ಕ್ ಕಬ್ಬನ್ನರ ಕಾಲದಲ್ಲಾಗಲಿ, ತಾಲ್ಲೂಕಿನ ಯಜಮಾನನೆಂದರೆ ಅಮಲ್ದಾರ. ಅಮಲ್ದಾರನನ್ನೂ ಅವನ ಕೆಳಗಿನ ಶಿರಸ್ತೇದಾರ, ಗುಮಾಸ್ತೆಗಳನ್ನೂ ಆರಿಸುವುದರಲ್ಲಿ ಮೇಲಿನವರ ವಿಶ್ವಾಸವೇ ಪ್ರಧಾನ. ವಿಶ್ವಾಸವೆಂಬುದು ಒಳ್ಳೆಯ ಗುಣವೇ ಸರಿ. ಆದರೆ ಅದು ತನ್ನ ಕಣ್ಣೆದುರಿಗಿದ್ದವನ ಮೇಲೆ, ತನ್ನ ಬಳಗದವನ ಮೇಲೆ, ತನ್ನ ಭಾಷೆಯಾಡುವವನ ಮೇಲೆ ಬೇಗ ಹುಟ್ಟುವ ಗುಣ. ಹೊಸಕೋಟೆಯ ಒಂದು ಮೂಲೆಯ ಹಳ್ಳಿಯಿಂದ ಬಂದ ಹುಡುಗನಿಗೆ ಅಂಥ ವಿಶ್ವಾಸವನ್ನು ಸಂಪಾದಿಸುವ ದಾರಿ ಎಲ್ಲಿ?

ಈ ರೋಗ ನಮ್ಮ ದೇಶಕ್ಕೆ ಮಾತ್ರ ಸೇರಿದುದಾಗಿರಲಿಲ್ಲ. ಈಸ್ಟ್ ಇಂಡಿಯಾ ಕಂಪನಿಯಲ್ಲಿ ನಿರ್ದೇಶಕರ ಬಂಧುಮಿತ್ರರು ಒಳ್ಳೊಳ್ಳೆಯ ಸ್ಥಾನಗಳಿಗೆ ನೇರವಾಗಿ ಬಂದಿಳಿಯುವುದನ್ನು ತಡೆಯಲು ಬ್ರಿಟಿಷ್ ಪಾರ್ಲಿಮೆಂಟು 1793ರ ಸನ್ನದಿನಲ್ಲಿ ಹಿರಿತನದ ಕಟ್ಟಳೆಯನ್ನು ಸೇರಿಸಿತು. ತೆರವಾದ ಸ್ಥಾನವನ್ನು ಆಯಾ ಪ್ರೆಸಿಡೆನ್ಸಿಯ ನೌಕರರಿಂದಲೇ, ಸೇವೆಯ ಹಿರಿತನವನ್ನು ನೋಡಿ ತುಂಬತಕ್ಕದ್ದೆಂಬುದು ಅದರ ಆಶಯ. ಹಿರಿತನದ ನಿಯಮ ಸೋಮಾರಿಗಳಿಗೆ ಆಶ್ರಯವೆಂದು ಇಂದು ಹಳಿಯುವವರು, ಅದು ಹುಟ್ಟಿದುದು ಪ್ರಭಾವಶಾಲಿಗಳ ಕೈ ಕಟ್ಟುವುದಕ್ಕೆ ಎಂಬುದನ್ನು ನೆನೆಯಬೇಕು. ಅದರ ದೋಷವೂ ಬೇಗನೆ ಕಾಣಿಸಿಕೊಂಡಿತೆಂಬುದು ನಿಜ. 1854ರಲ್ಲಿ ಪ್ರಕಟವಾದ ನಾರ್ತ್‌ಕೋಟ್ ಮತ್ತು ಟ್ರೆವೆಲ್ಯನ್ನರ ವರದಿ, ಇಂಗ್ಲೆಂಡಿನ ಕಚೇರಿಗಳಲ್ಲಿ ದುಡಿಯುವವನೂ ದುಡಿಯದವನೂ ಒಂದೇ ಸಮನಾಗಿ ಮೇಲೇರುತ್ತಾರೆಂದು ಟೀಕಿಸಿ, ಪ್ರವೇಶಕ್ಕೆ ಬಹಿರಂಗ ಸ್ಪರ್ಧಾಪರೀಕ್ಷೆಯಿರಬೇಕು, ಬಡ್ತಿಗೆ ಯೋಗ್ಯತೆ ಆಧಾರವಾಗಬೇಕು ಎಂದು ಸಾರಿತು. ಆ ದಿನ ಮೊದಲ್ಗೊಂಡು ಈ ದಿನದ ವರೆಗೆ ಸರ್ಕಾರಗಳು ಹಿರಿತನ, ಯೋಗ್ಯತೆ ಎಂಬ ಎರಡು ಎತ್ತುಗಳನ್ನು ಒಂದೇ ನೊಗಕ್ಕೆ ಹೂಡಲು ಹೆಣಗುತ್ತಲೇ ಇವೆ.

ಮೈಸೂರಿನಲ್ಲಿ ಸ್ಪರ್ಧಾಪರೀಕ್ಷೆಯ ಯುಗ ಬಂದುದು 1891ರಲ್ಲಿ. ಆಗ ಶೇಷಾದ್ರಿ ಅಯ್ಯರ್ ಅವರು ದಿವಾನರು. ಮೈಸೂರು ಸಿವಿಲ್ ಸರ್ವಿಸಿಗೆ ಪರೀಕ್ಷೆಯಲ್ಲಿ ತೇರ್ಗಡೆಯಾದ ತರುಣನು ಪ್ರೊಬೇಷನರಾಗಿ ಸೇರಿ ನೇರವಾಗಿ ಮೇಲಿನ ಮೆಟ್ಟಿಲಲ್ಲಿ ಕಾಲಿಡುವನು. ಗುಮಾಸ್ತೆಯಾಗಿ ಸೇರಿದವನು ಕೆಳಗಿನಿಂದ ಒಂದೊಂದೇ ಮೆಟ್ಟಿಲನ್ನು ಹತ್ತಿ ಬರುವನು. ಮಧ್ಯದ ಅಟ್ಟದಲ್ಲಿ ಇಬ್ಬರೂ ಸಂಧಿಸಿದಾಗ ಹಿರಿಯನು ಯಾರು? ಇಪ್ಪತ್ತು ವರುಷ ಸವೆದು ಬಂದವನೋ, ನಿನ್ನೆ ಪರೀಕ್ಷೆಯನ್ನು ಗೆದ್ದು ಬಂದವನೋ? ಈ ಪ್ರಶ್ನೆ ಅಂದೇ ಹುಟ್ಟಿತು. ಇಂದಿಗೂ ಕಚೇರಿಗಳಲ್ಲಿ ಜೀವಂತವಾಗಿದೆ.

ನಮ್ಮ ನಾಲ್ಕು ತಾಲ್ಲೂಕುಗಳ ಎರಡು ಮಗ್ಗುಲಲ್ಲಿ ಹುಟ್ಟಿದ ಇಬ್ಬರು ಮಹನೀಯರ ಬಾಳಿನಲ್ಲಿ ಈ ಪ್ರಶ್ನೆಯ ಎರಡು ಮುಖಗಳು ಕಾಣಬರುತ್ತವೆ. ದೊಡ್ಡಬಳ್ಳಾಪುರ, ದೇವನಹಳ್ಳಿಗಳಿಂದ ಉತ್ತರಕ್ಕೆ, ನಂದಿಬೆಟ್ಟದ ಆಚೆ, ಮುದ್ದೇನಹಳ್ಳಿ. ಅಲ್ಲಿ ಹುಟ್ಟಿದ ಎಂ. ವಿಶ್ವೇಶ್ವರಯ್ಯನವರು 1884ರಲ್ಲಿ ಮುಂಬಯಿ ಸರ್ಕಾರದ ಮರಾಮತ್ ಇಲಾಖೆಯನ್ನು ಸೇರಿ, ತಮಗಿಂತ ಹಿರಿಯರಾದ ಹಲವರನ್ನು ದಾಟಿ ಮೇಲೇರಿದರು. ಯೋಗ್ಯತೆಯೇ ಅವರನ್ನು ಏರಿಸಿತೆಂಬುದರಲ್ಲಿ ಸಂದೇಹವಿಲ್ಲ. ಆದರೂ ಆ ಇಲಾಖೆಯ ಅತ್ಯುನ್ನತ ಪದವಿಯ ಬಾಗಿಲು ಭಾರತೀಯನೊಬ್ಬನಿಗೆ ತೆರೆಯುವ ಭರವಸೆಯಿರಲಿಲ್ಲ. ಅವರು 1908ರಲ್ಲಿ ಆ ಸೇವೆಯಿಂದ ಹೊರಬಂದು, 1909ರಲ್ಲಿ ಮೈಸೂರಿನ ಚೀಫ್ ಎಂಜಿನಿಯರಾದರು, 1912ರಲ್ಲಿ ದಿವಾನರಾದರು.

ಹೊಸಕೋಟೆಗೆ ಪೂರ್ವದ ನೆರೆಯಾದ ಮಾಲೂರು ತಾಲ್ಲೂಕು ಮಾಸ್ತಿ ವೆಂಕಟೇಶ ಅಯ್ಯಂಗಾರ್ಯರ ಸೀಮೆ. ಮೈಸೂರು ಸಿವಿಲ್ ಸರ್ವಿಸನ್ನು ಪರೀಕ್ಷೆಯ ಮೂಲಕ ಸೇರಿದ ಅವರು ಹಲವು ತಾಲ್ಲೂಕು, ಜಿಲ್ಲೆಗಳಲ್ಲಿ ದುಡಿದು ಎಕ್ಸೈಸ್ ಕಮಿಷನರ ಪದವಿಗೆ ಬಂದರು. ಆಮೇಲಿನ ಮೆಟ್ಟಿಲು ಮಂತ್ರಿಪದವಿಗೆ ಸಮನಾದುದು. ಕ್ರಮವಾಗಿ ತಮಗೆ ಸಲ್ಲಬೇಕೆಂದು ಅವರು ತಿಳಿದಿದ್ದ ಆ ಸ್ಥಾನ ಕಿರಿಯರೊಬ್ಬರಿಗೆ ದೊರೆತಾಗ, 1940ರ ದಶಕದ ಪೂರ್ವಾರ್ಧದಲ್ಲಿ, ಸೇವೆಯನ್ನೇ ಬಿಟ್ಟು ಹೊರಟುಬಿಟ್ಟರು. ಸಣ್ಣಕಥೆಗಳಿಂದ ಆ ವೇಳೆಗಾಗಲೇ ನಾಡಿನ ಪ್ರೀತಿಯನ್ನು ಪಡೆದಿದ್ದ, ಮುಂದೆ 1983ರ ಜ್ಞಾನಪೀಠ ಪ್ರಶಸ್ತಿಗೆ ಪಾತ್ರರಾದ ವ್ಯಕ್ತಿಗೆ ಒಂದು ಹುದ್ದೆ ತಪ್ಪಿದುದರಿಂದ ಕಳೆದುದೇನು ಎಂದು ಕೇಳಬಹುದು. ಸಂಬಳದ ಲೆಕ್ಕದಲ್ಲಿ ಅದಕ್ಕೆ ಉತ್ತರವಿಲ್ಲ. ದುಡಿದ ಮನೆಯಲ್ಲಿ ತನ್ನ ಸರದಿಯನ್ನು ಯಾರೂ ಕಾಣದಂತೆ ದಾಟಿಹೋದರೆಂಬ ನೋವು ಮರ್ಯಾದೆಗೆ ಸೇರಿದುದು. ಅಷ್ಟು ದೊಡ್ಡವರಿಗೆ ಆ ನೋವು ಸಹನೆಯಾಗಲಿಲ್ಲವೆಂದ ಮೇಲೆ, ಗೋಡೆಯ ಮೇಲಿನ ಪಟ್ಟಿಯಲ್ಲಿ ಬೆರಳಿಟ್ಟು ನಿಂತ ಗುಮಾಸ್ತರ ಪಾಡನ್ನು ನಾವು ಊಹಿಸಬಹುದು.

ಇಷ್ಟಾದರೂ ಸರದಿಯೆಂಬುದು ಸಾಲಿನಲ್ಲಿ ನಿಂತವರಿಗೆ ಮಾತ್ರ ಅನ್ವಯಿಸುವ ಮಾತು. ಸಾಲಿನೊಳಕ್ಕೆ ಬರಲು ಯಾರಿಗೆ ಅವಕಾಶವಿತ್ತು ಎಂಬುದು ಅದಕ್ಕಿಂತ ಹಿಂದಿನ ಪ್ರಶ್ನೆ. ಮೈಸೂರು ಸಂಸ್ಥಾನದಲ್ಲಿ ಇಂಗ್ಲಿಷ್ ವಿದ್ಯೆಯನ್ನು ಮೊದಲು ಕಲಿತ ಬ್ರಾಹ್ಮಣ ಸಮುದಾಯ, ಜನಸಂಖ್ಯೆಯಲ್ಲಿ ಅಲ್ಪಭಾಗವಾಗಿದ್ದರೂ, ಹುದ್ದೆಗಳಲ್ಲಿ ಬಹುಭಾಗವನ್ನು ಪಡೆದಿತ್ತು. ಕಚೇರಿಗೆ ಹಣವನ್ನೊದಗಿಸುತ್ತಿದ್ದ ಕಂದಾಯ ಒಕ್ಕಲಿಗ, ಕುರುಬ, ತಿಗಳ, ದೇವಾಂಗ ಮನೆಗಳಿಂದ ಬರುತ್ತಿತ್ತು. ಕಚೇರಿಯೊಳಗೆ ಆ ಮನೆಗಳ ಹೆಸರುಗಳನ್ನು ಹುಡುಕಬೇಕಾಗಿತ್ತು. 1917ರಲ್ಲಿ ಪ್ರಜಾಮಿತ್ರ ಮಂಡಲಿ ಹುಟ್ಟಿ ಈ ಅಹವಾಲನ್ನು ಅರಮನೆಯ ವರೆಗೆ ಒಯ್ದಿತು. ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ, ಚೀಫ್ ಕೋರ್ಟಿನ ಮುಖ್ಯ ನ್ಯಾಯಾಧೀಶರಾಗಿದ್ದ ಸರ್ ಲೆಸ್ಲಿ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿಯನ್ನು ನೇಮಿಸಿದರು. ಏಳು ವರುಷಗಳೊಳಗಾಗಿ ಮೇಲಿನ ದರ್ಜೆಯ ಹುದ್ದೆಗಳಲ್ಲಿ ಅರ್ಧಕ್ಕೆ ಕಡಿಮೆಯಿಲ್ಲದಂತೆ, ಕೆಳದರ್ಜೆಯಲ್ಲಿ ಮೂರರಲ್ಲಿ ಎರಡು ಪಾಲಿಗೆ ಕಡಿಮೆಯಿಲ್ಲದಂತೆ ಹಿಂದುಳಿದ ಸಮುದಾಯಗಳವರಿರಬೇಕೆಂದು 1919ರಲ್ಲಿ ಆ ಸಮಿತಿ ಶಿಫಾರಸು ಮಾಡಿತು. 1921ರಲ್ಲಿ ಸರ್ಕಾರದ ಆಜ್ಞೆ ಹೊರಟಿತು. ದಕ್ಷತೆ ಕುಂದೀತೆಂಬ ಶಂಕೆಯಿಂದ ಈ ನೀತಿಯನ್ನು ಒಪ್ಪದಿದ್ದ ವಿಶ್ವೇಶ್ವರಯ್ಯನವರು 1918ರಲ್ಲಿಯೇ ದಿವಾನಗಿರಿಯನ್ನು ಬಿಟ್ಟಿದ್ದರು.

ಈ ಪ್ರಸಂಗದಲ್ಲಿ ಇತ್ತಂಡದವರಲ್ಲಿಯೂ ಪ್ರಾಮಾಣಿಕತೆಯಿತ್ತೆಂದೇ ನಮ್ಮ ಭಾವನೆ. ಒಬ್ಬರು ಸಾಲು ಕೆಡಬಾರದೆಂದರು. ಮತ್ತೊಬ್ಬರು ಸಾಲು ಪ್ರಾರಂಭವಾದಾಗ ನಮಗೆ ಬಾಗಿಲೇ ತೆರೆದಿರಲಿಲ್ಲವೆಂದರು. ಮುಂದಿನ ನೂರು ವರುಷಗಳ ವಾದವೆಲ್ಲ ಈ ಎರಡು ಮಾತುಗಳ ವ್ಯಾಖ್ಯಾನವೆನ್ನಬಹುದು.

1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾಯಿತು. ಅಂದಿನ ಸಂತೋಷದ ನಡುವೆ ಕಚೇರಿಗಳಲ್ಲಿ ಒಂದು ದೊಡ್ಡ ಕಳವಳವೂ ಹುಟ್ಟಿತು. ಹಳೆಯ ಮೈಸೂರು, ಮುಂಬಯಿ, ಹೈದರಾಬಾದು, ಮದರಾಸು, ಕೊಡಗು ಎಂಬ ಐದು ಆಡಳಿತಗಳ ನೌಕರರು ಒಂದೇ ಸರ್ಕಾರದ ಕೆಳಗೆ ಬಂದರು. ಐದು ಕಡೆಯ ಹುದ್ದೆಗಳಿಗೆ ಐದು ಬಗೆಯ ಹೆಸರು, ಐದು ಬಗೆಯ ಸಂಬಳ, ಐದು ಬಗೆಯ ಪರೀಕ್ಷೆ. ಅಮಲ್ದಾರ, ಮಾಮಲೇದಾರ, ತಹಶೀಲ್ದಾರ ಇವರೆಲ್ಲ ಒಂದೇ ತೂಕದವರೆ? ಕಲಬುರ್ಗಿಯಲ್ಲಿ ಉರ್ದುವಿನಲ್ಲಿ ಲೆಕ್ಕವಿಟ್ಟವನೂ ಮಂಗಳೂರಿನಲ್ಲಿ ಮದರಾಸಿನ ಕಟ್ಟಳೆಗಳಂತೆ ನಡೆದವನೂ ನೆಲಮಂಗಲದಲ್ಲಿ ಮೈಸೂರು ಪದ್ಧತಿಯಲ್ಲಿ ಪಳಗಿದವನೂ ಒಂದೇ ಸಾಲಿನಲ್ಲಿ ನಿಂತಾಗ ಮುಂದೆ ಯಾರು, ಹಿಂದೆ ಯಾರು?

ರಾಜ್ಯಗಳ ಪುನರ್ವಿಂಗಡಣಾ ಶಾಸನದ 115ನೆಯ ಪ್ರಕರಣ ಈ ಕೆಲಸವನ್ನು ಕೇಂದ್ರ ಸರ್ಕಾರದ ಮೇಲ್ವಿಚಾರಣೆಗೆ ಒಪ್ಪಿಸಿ, ಎಲ್ಲರಿಗೂ ನ್ಯಾಯವಾದ, ಸಮನಾದ ನಡವಳಿಕೆ ದೊರೆಯಬೇಕೆಂದು ವಿಧಿಸಿತು. ಹುದ್ದೆಗಳನ್ನು ಸಮೀಕರಿಸುವಾಗ ಕೆಲಸದ ಸ್ವರೂಪ, ಅಧಿಕಾರ ಮತ್ತು ಹೊಣೆಯ ವ್ಯಾಪ್ತಿ, ಬೇಕಾದ ವಿದ್ಯಾರ್ಹತೆ, ಸಂಬಳ ಎಂಬ ನಾಲ್ಕು ಅಂಶಗಳನ್ನು ನೋಡತಕ್ಕದ್ದೆಂದು ಗೊತ್ತಾಯಿತು. ಹೇಳುವುದಕ್ಕೆ ನಾಲ್ಕೇ ಅಂಶಗಳಾದರೂ ಅವುಗಳ ಮೇಲೆ ಎದ್ದ ವ್ಯಾಜ್ಯಗಳು ವರುಷಗಟ್ಟಲೆ ನಡೆದುವು. ಏಕೀಕರಣದ ಚರಿತ್ರೆಯನ್ನು ಬರೆಯುವವರು ಸಭೆ, ಮೆರವಣಿಗೆ, ಗೀತೆಗಳನ್ನು ನೆನೆಯುತ್ತಾರೆ. ಐದು ಸಾಲುಗಳನ್ನು ಒಂದು ಸಾಲಾಗಿ ಹೆಣೆದ ಗುಮಾಸ್ತರ ಕೈಬರಹವೂ ಆ ಚರಿತ್ರೆಯ ಒಂದು ಪುಟವೇ ಆಗಿದೆ.

ಹೊಸ ರಾಜ್ಯಕ್ಕೆ ಒಂದೇ ಕಟ್ಟಳೆ ಬೇಕಾದುದರಿಂದ 1957ರಲ್ಲಿ ಸರ್ಕಾರಿ ನೌಕರರ ಜ್ಯೇಷ್ಠತಾ ನಿಯಮಗಳು ಹೊರಟುವು. ಅದೇ ನಿಯಮಗಳು ತಿದ್ದುಪಡಿಗಳೊಡನೆ ಕರ್ನಾಟಕದಲ್ಲಿ ಇಂದೂ ನಡೆದುಬಂದಿವೆ. ಅವುಗಳ ಸಾರವನ್ನು ಸರಳವಾಗಿ ಹೇಳಬಹುದು. ಖಾಯಂ ಆದವನು ತಾತ್ಕಾಲಿಕವಾಗಿ ಇರುವವನಿಗಿಂತ ಹಿರಿಯನು. ಖಾಯಂ ಆದವರೊಳಗೆ ಖಾಯಮಾತಿಯ ದಿನಾಂಕ ನೋಡತಕ್ಕದ್ದು. ಉಳಿದವರೊಳಗೆ ಆ ದರ್ಜೆಯಲ್ಲಿ ಎಡೆಬಿಡದೆ ಕೆಲಸ ಮಾಡಿದ ಕಾಲವನ್ನು ನೋಡತಕ್ಕದ್ದು. ನೇರ ನೇಮಕದಿಂದ ಬಂದವನೂ ಬಡ್ತಿಯಿಂದ ಬಂದವನೂ ಒಂದೇ ದಿನ ಸೇರಿದರೆ ನೇರವಾಗಿ ಬಂದವನಿಗೆ ಮೊದಲ ಸ್ಥಾನ. ಒಟ್ಟಿಗೆ ಆಯ್ಕೆಯಾದವರೊಳಗೆ ಆಯ್ಕೆಪಟ್ಟಿಯ ಕ್ರಮವೇ ಪ್ರಮಾಣ. 1891ರಲ್ಲಿ ಹುಟ್ಟಿದ ಪ್ರಶ್ನೆಗೆ ಕೊನೆಗೆ ಒಂದು ಸಾಲಿನ ಉತ್ತರ ದೊರೆಯಿತು. ಸೋತವರಿಗೆ ಅದು ಸಮಾಧಾನವನ್ನು ಕೊಟ್ಟಿತೆಂದು ನಾವು ಹೇಳಲಾರೆವು.

ಈ ನಿಯಮಗಳಲ್ಲಿ ಬೆಂಗಳೂರಿನ ಸುತ್ತಣ ತಾಲ್ಲೂಕುಗಳಿಗೆ ವಿಶೇಷವಾಗಿ ತಟ್ಟುವ ಒಂದು ಮಾತುಂಟು. ಸರ್ಕಾರವೇ ಸಾರ್ವಜನಿಕ ಹಿತಕ್ಕಾಗಿ ವರ್ಗ ಮಾಡಿದರೆ ನೌಕರನ ಹಿರಿತನಕ್ಕೆ ಕುಂದಿಲ್ಲ. ನೌಕರನು ತಾನಾಗಿ ಬೇಡಿ ಬೇರೊಂದು ಜ್ಯೇಷ್ಠತಾ ಘಟಕಕ್ಕೆ ವರ್ಗವಾಗಿ ಬಂದರೆ, ಆ ದಿನ ಅಲ್ಲಿರುವ ಎಲ್ಲರ ಕೆಳಗೆ ಅವನ ಹೆಸರು ಹೋಗುತ್ತದೆ. ಗ್ರಾಮಲೆಕ್ಕಿಗರೇ ಮೊದಲಾದವರ ಹಿರಿತನವನ್ನು ಎಣಿಸುವುದು ಜಿಲ್ಲೆಯ ಮಟ್ಟದಲ್ಲಿ. ದೂರದ ಬೀದರಿನಲ್ಲೋ ಚಾಮರಾಜನಗರದಲ್ಲೋ ಹತ್ತು ವರುಷ ಕೆಲಸ ಮಾಡಿದ ಹೆಣ್ಣುಮಗಳೊಬ್ಬಳನ್ನು ಊಹಿಸಿಕೊಳ್ಳೋಣ. ಪತಿಯ ಉದ್ಯೋಗ ಬೆಂಗಳೂರಿನಲ್ಲಿ, ಮಕ್ಕಳ ಶಾಲೆ ಬೆಂಗಳೂರಿನಲ್ಲಿ. ನೆಲಮಂಗಲಕ್ಕೋ ಹೊಸಕೋಟೆಗೋ ವರ್ಗ ದೊರೆತರೆ ಬೆಳಗ್ಗೆ ಬಸ್ಸು ಹತ್ತಿ ಸಂಜೆ ಮನೆಗೆ ಬರಬಹುದು. ವರ್ಗ ದೊರೆಯುತ್ತದೆ, ಸಂಬಳಕ್ಕೂ ಪಿಂಚಣಿಗೂ ಹಳೆಯ ಸೇವೆ ಸಲ್ಲುತ್ತದೆ, ಹೆಸರು ಮಾತ್ರ ಮೊನ್ನೆ ಸೇರಿದ ಹುಡುಗನ ಕೆಳಗೆ ಹೋಗುತ್ತದೆ. ಸಂಸಾರಕ್ಕಾಗಿ ಹತ್ತು ವರುಷಗಳ ಸರದಿಯನ್ನು ಬಿಟ್ಟುಕೊಡಬೇಕು. ಆ ನಿಯಮವಿಲ್ಲದಿದ್ದರೆ ರಾಜಧಾನಿಯ ಸೆರಗಿಗೆ ಬಂದು ಸೇರುವವರೆಲ್ಲ ಇಲ್ಲಿಯೇ ಮೊದಲಿನಿಂದ ದುಡಿದವರನ್ನು ಹಿಂದೆ ತಳ್ಳುವರು ಎಂಬುದೂ ನಿಜವೇ.

ಜಿಲ್ಲೆಗಳ ವಿಭಜನೆಯೂ ಇಂಥದೇ ಕಳವಳಗಳನ್ನು ತರುತ್ತದೆ. 1986ರಲ್ಲಿ ಹಳೆಯ ಬೆಂಗಳೂರು ಜಿಲ್ಲೆ ಒಡೆದು ಎಂಟು ತಾಲ್ಲೂಕುಗಳ ಬೆಂಗಳೂರು ಗ್ರಾಮಾಂತರ ಜಿಲ್ಲೆಯಾಯಿತು. 2007ರಲ್ಲಿ ಮಾಗಡಿ, ರಾಮನಗರ, ಚನ್ನಪಟ್ಟಣ, ಕನಕಪುರ ಬೇರೆಯಾಗಿ ರಾಮನಗರ ಜಿಲ್ಲೆಗೆ ಹೋದುವು; ನಮ್ಮ ನಾಲ್ಕು ತಾಲ್ಲೂಕುಗಳು ಉಳಿದುವು. ನಕ್ಷೆಯ ಮೇಲೆ ಗೆರೆಯೆಳೆಯುವುದು ಒಂದು ದಿನದ ಕೆಲಸ. ಒಂದೇ ಸಾಲಿನಲ್ಲಿ ನಿಂತಿದ್ದವರನ್ನು ಎರಡು ಸಾಲು ಮಾಡಿದಾಗ, ಯಾವ ಸಾಲಿನಲ್ಲಿ ಮೇಲಿನ ಸ್ಥಾನಗಳು ಬೇಗ ತೆರವಾಗುವುವೋ ಆ ಕಡೆಯವನ ಅದೃಷ್ಟ ತೆರೆಯುತ್ತದೆ; ಮತ್ತೊಬ್ಬನು ತನ್ನ ತಪ್ಪಿಲ್ಲದೆ ಹಿಂದುಳಿಯುತ್ತಾನೆ.

ಹಿರಿತನವಿದ್ದ ಮಾತ್ರಕ್ಕೆ ಬಡ್ತಿ ಹಕ್ಕಾಗಿ ಬರುತ್ತದೆಯೆ? ಈ ಪ್ರಶ್ನೆಯನ್ನು ಸರ್ವೋಚ್ಚ ನ್ಯಾಯಾಲಯವು ಮೈಸೂರು ರಾಜ್ಯಕ್ಕೂ ಸೈಯದ್ ಮಹಮೂದ್ ಎಂಬ ನೌಕರರಿಗೂ ನಡೆದ ವ್ಯಾಜ್ಯದಲ್ಲಿ ಬಿಡಿಸಿತು; 1968ರಲ್ಲಿ ವರದಿಯಾದ ಆ ತೀರ್ಪು ಇಂದಿಗೂ ಉದ್ಧರಿಸಲ್ಪಡುತ್ತದೆ. ಹಿರಿಯರನ್ನು ವಿಚಾರಿಸದೆಯೇ ಕಿರಿಯರಿಗೆ ಬಡ್ತಿ ಕೊಟ್ಟುದು ಅಲ್ಲಿಯ ದೂರು. ಹಿರಿತನ ಮತ್ತು ಯೋಗ್ಯತೆ ಎಂಬ ನಿಯಮವಿರುವಲ್ಲಿ ಹಿರಿಯನನ್ನು ಮೊದಲು ಪರಿಶೀಲಿಸಲೇಬೇಕು, ಅವನು ಆ ಹುದ್ದೆಗೆ ತಕ್ಕವನಲ್ಲವೆಂದು ಕಂಡರೆ ದಾಟಬಹುದು, ಪರಿಶೀಲಿಸದೆ ದಾಟಕೂಡದು. ಹಿರಿಯನಿಗಿರುವುದು ಪರಿಶೀಲನೆಯ ಹಕ್ಕು, ಪದವಿ ಹಾಗೆಯೇ ಬರಲಾರದು ಎಂಬುದು ನಿರ್ಣಯದ ತಿರುಳು. ಮಾಸ್ತಿಯವರ ನೋವನ್ನು ನೆನೆದವರಿಗೆ ಈ ಮಾತಿನ ಬೆಲೆ ತಿಳಿಯುತ್ತದೆ. ದಾಟುವುದಾದರೆ ಕಾರಣವನ್ನು ನೋಡಿ, ಬರೆದಿಟ್ಟು ದಾಟಬೇಕು.

ಆದುದರಿಂದ ಇಂದು ಬಡ್ತಿಗೆ ಪಟ್ಟಿಯೊಂದೇ ಸಾಲದು. ಇಲಾಖಾ ಪರೀಕ್ಷೆಗಳಾಗಿರಬೇಕು, ಕಾರ್ಯನಿರ್ವಹಣೆಯ ವರದಿಗಳು ಚೆನ್ನಾಗಿರಬೇಕು, ವಿಚಾರಣೆಗಳು ಬಾಕಿಯಿರಬಾರದು. ದೋಷಾರೋಪಣೆಯಾಗಿ ವಿಚಾರಣೆ ನಡೆಯುತ್ತಿದ್ದರೆ ಬಡ್ತಿ ಸಮಿತಿಯು ತನ್ನ ಅಭಿಪ್ರಾಯವನ್ನು ಮೊಹರು ಮಾಡಿದ ಲಕೋಟೆಯಲ್ಲಿಡುತ್ತದೆ. ಆರೋಪ ಬಿದ್ದುಹೋದರೆ ಅದನ್ನು ಒಡೆಯುತ್ತಾರೆ. ಮೇಲಿನ ಸ್ಥಾನವೇ ತೆರವಾಗದೆ ಒಂದೇ ಹುದ್ದೆಯಲ್ಲಿ ಹತ್ತು ವರುಷ ಕಳೆದವರಿಗಾಗಿ 1983ರಲ್ಲಿ ಕಾಲಬದ್ಧವಾಗಿ ವೇತನವನ್ನೇರಿಸುವ ಕ್ರಮವೂ ಬಂದಿತು. ಅದರಿಂದ ಸಂಬಳ ಏರುತ್ತದೆ, ಕುರ್ಚಿ ಬದಲಾಗುವುದಿಲ್ಲ.

ಇನ್ನು ಎಲ್ಲಕ್ಕಿಂತ ಕಠಿನವಾದ ಪ್ರಶ್ನೆಗೆ ಬರೋಣ. 1978ರ ಏಪ್ರಿಲ್ 27ರಂದು ಕರ್ನಾಟಕ ಸರ್ಕಾರವು ಬಡ್ತಿಯಲ್ಲಿಯೂ ಪರಿಶಿಷ್ಟ ಜಾತಿಯವರಿಗೆ ನೂರಕ್ಕೆ 15, ಪರಿಶಿಷ್ಟ ಪಂಗಡದವರಿಗೆ ನೂರಕ್ಕೆ 3 ಸ್ಥಾನಗಳನ್ನು ಕಾಯ್ದಿರಿಸಿತು. ಇದರಿಂದ ಹುಟ್ಟಿದ ತೊಡಕನ್ನು ಒಂದು ಉದಾಹರಣೆಯಿಂದ ತಿಳಿಯಬಹುದು. ಒಂದೇ ಕಚೇರಿಯಲ್ಲಿ ಇಬ್ಬರಿದ್ದಾರೆ. ಮೊದಲನೆಯವರು ಸಾಮಾನ್ಯ ವರ್ಗದವರು, ಪಟ್ಟಿಯಲ್ಲಿ ಮುಂದೆ. ಎರಡನೆಯವರು ಪರಿಶಿಷ್ಟ ಜಾತಿಯವರು, ಪಟ್ಟಿಯಲ್ಲಿ ಹಿಂದೆ. ಮೀಸಲು ಸ್ಥಾನ ಬಂದಾಗ ಎರಡನೆಯವರಿಗೆ ಮೊದಲು ಬಡ್ತಿಯಾಯಿತು. ನಾಲ್ಕು ವರುಷಗಳ ಮೇಲೆ ಮೊದಲನೆಯವರೂ ಅದೇ ಹುದ್ದೆಗೆ ಬಂದರು. ಈಗ ಈ ಮೇಲಿನ ದರ್ಜೆಯಲ್ಲಿ ಹಿರಿಯರು ಯಾರು? ಮೇಲಿನ ಹುದ್ದೆಗೆ ಬಂದ ದಿನಾಂಕವನ್ನು ನೋಡಿದರೆ ಎರಡನೆಯವರು. ಕೆಳಗಿನ ದರ್ಜೆಯ ಹಳೆಯ ಸ್ಥಾನವನ್ನು ನೋಡಿದರೆ ಮೊದಲನೆಯವರು. ಮುಂದಿನ ಬಡ್ತಿ ಈ ಉತ್ತರದ ಮೇಲೆ ನಿಂತಿದೆ.

ಸರ್ವೋಚ್ಚ ನ್ಯಾಯಾಲಯವು 1999ರ ಅಜಿತ್ ಸಿಂಗ್ ಪ್ರಕರಣದಲ್ಲಿ ಮೊದಲನೆಯವರು ಮೇಲೆ ಬಂದೊಡನೆ ತಮ್ಮ ಹಳೆಯ ಹಿರಿತನವನ್ನು ಮರಳಿ ಪಡೆಯುತ್ತಾರೆಂದು ಹೇಳಿತು. 2000ದ ಬಡಪ್ಪನವರ್ ಪ್ರಕರಣದಲ್ಲಿ ಆ ತತ್ತ್ವವನ್ನು ಕರ್ನಾಟಕಕ್ಕೂ ಅನ್ವಯಿಸಿತು. ಪಾರ್ಲಿಮೆಂಟು ಸಂವಿಧಾನಕ್ಕೆ 85ನೆಯ ತಿದ್ದುಪಡಿಯನ್ನು ತಂದು, ಬಡ್ತಿಯೊಡನೆ ಬರುವ ಹಿರಿತನವನ್ನೂ ಕಾಪಾಡಲು ರಾಜ್ಯಗಳಿಗೆ ಅಧಿಕಾರ ಕೊಟ್ಟಿತು. ಕರ್ನಾಟಕ 2002ರಲ್ಲಿ ಶಾಸನ ಮಾಡಿತು. 2006ರ ನಾಗರಾಜ್ ತೀರ್ಪು ತಿದ್ದುಪಡಿಯನ್ನು ಎತ್ತಿಹಿಡಿದು, ಅದನ್ನು ಬಳಸುವ ರಾಜ್ಯ ಅಂಕಿಅಂಶಗಳಿಂದ ಅಗತ್ಯವನ್ನು ತೋರಿಸಬೇಕೆಂದಿತು. ಅಂಥ ಆಧಾರವಿಲ್ಲವೆಂಬ ಕಾರಣದಿಂದ, 2017ರ ಫೆಬ್ರವರಿ 9ರಂದು, ಬಿ.ಕೆ. ಪವಿತ್ರ ಪ್ರಕರಣದಲ್ಲಿ 2002ರ ಶಾಸನದ ಮುಖ್ಯ ಪ್ರಕರಣಗಳು ರದ್ದಾದುವು. ಪಟ್ಟಿಗಳನ್ನು ಮತ್ತೆ ಬರೆಯಬೇಕಾಯಿತು. ಏರಿದವರು ಕೆಲವರು ಇಳಿದರು; ಕಾದವರು ಕೆಲವರು ಏರಿದರು. ಸರ್ಕಾರವು ಕೆ. ರತ್ನಪ್ರಭಾ ಅವರ ಸಮಿತಿಯಿಂದ ಇಲಾಖೆಗಳ ಪ್ರಾತಿನಿಧ್ಯದ ಅಂಕಿಅಂಶಗಳನ್ನು ಕೂಡಿಸಿ, 2018ರಲ್ಲಿ ಹೊಸ ಶಾಸನ ಮಾಡಿ, 1978ರ ಏಪ್ರಿಲ್ 27ರಿಂದಲೇ ಆ ಹಿರಿತನಕ್ಕೆ ರಕ್ಷಣೆ ಕೊಟ್ಟಿತು. 2019ರ ಮೇ 10ರಂದು ಸರ್ವೋಚ್ಚ ನ್ಯಾಯಾಲಯವು ಅದನ್ನು ಊರ್ಜಿತಗೊಳಿಸಿತು.

ಎರಡು ವರುಷಗಳ ಅಂತರದಲ್ಲಿ ಒಂದೇ ಪಟ್ಟಿ ಎರಡು ಸಲ ತಲೆಕೆಳಗಾದುದನ್ನು ಕಂಡವರಲ್ಲಿ ಕಹಿ ಉಳಿದಿರುವುದು ಸಹಜ. ನಾವು ಇಲ್ಲಿ ಯಾರನ್ನೂ ಹಂಗಿಸಲು ಒಲ್ಲೆವು. ಮೊದಲನೆಯವರ ಮಾತು ನಿಜ: ನಾನು ಮೊದಲು ಬಂದೆ, ತಪ್ಪು ಮಾಡಲಿಲ್ಲ, ನನ್ನ ಸರದಿ ಹೋಯಿತು. ಎರಡನೆಯವರ ಮಾತೂ ನಿಜ: ನನ್ನ ತಂದೆ ಈ ಕಚೇರಿಯ ಅಂಗಳದಲ್ಲಿ ತೋಟಿಯಾಗಿ ನಿಂತಿದ್ದರು, ನಿಮ್ಮ ಮನೆಯವರು ಒಳಗೆ ಬಂದ ದಿನಾಂಕ ನನ್ನ ಮನೆಯವರಿಗೆ ಸಿಕ್ಕಿರಲಿಲ್ಲ. ಪಟ್ಟಿಯ ಅಂಕಣದಲ್ಲಿ ಒಬ್ಬೊಬ್ಬರಿಗೆ ಒಂದು ದಿನಾಂಕ ಮಾತ್ರ ಇರುತ್ತದೆ. ಅದರ ಹಿಂದಿನ ಚರಿತ್ರೆಗೆ ಅಲ್ಲಿ ಅಂಕಣವಿಲ್ಲ. ಆ ಕೆಲಸವನ್ನು ಶಾಸನ ಮಾಡಬೇಕಾಗುತ್ತದೆ.

ಹೀಗೆ ನೋಡಿದರೆ ಹಿರಿತನದ ನಿಯಮ ನ್ಯಾಯದ ಪೂರ್ಣರೂಪವೆಂದು ನಾವು ಹೇಳಲಾರೆವು. ಹುಟ್ಟು ಮತ್ತು ಕೃಪೆ ಎಂಬ ಎರಡು ಹಳೆಯ ಯಜಮಾನರಿಂದ ಕಚೇರಿಯನ್ನು ಬಿಡಿಸಿದ ಉಪಕಾರ ಅದರದು. ಯಾರ ಬಳಗಕ್ಕೂ ಸೇರದವನಿಗೆ, ಯಾರ ಮನೆಯ ಬಾಗಿಲನ್ನೂ ಕಾಯಲಾರದವನಿಗೆ, ಸರ್ಕಾರವು ಬರೆದುಕೊಟ್ಟ ಒಂದು ವಾಗ್ದಾನವೆಂದರೆ ಈ ಪಟ್ಟಿ. ವಾಗ್ದಾನವಾದುದರಿಂದಲೇ ಅದನ್ನು ಕಾಲಕಾಲಕ್ಕೆ ಬರೆಯಬೇಕು. ಆಕ್ಷೇಪಣೆಗಳನ್ನು ಕೇಳಿ ಅಂತಿಮಗೊಳಿಸಬೇಕು. ಬಡ್ತಿ ಸಮಿತಿ ತಪ್ಪದೆ ಸೇರಬೇಕು. ತಾತ್ಕಾಲಿಕವೆಂಬ ತಲೆಬರಹದ ಕೆಳಗೆ ಪಟ್ಟಿ ವರುಷಗಟ್ಟಲೆ ಬಿದ್ದಿದ್ದರೆ, ನಿಯಮ ಎಷ್ಟೇ ಚೆನ್ನಾಗಿದ್ದರೂ ಕಾದವನ ಪಾಲಿಗೆ ಅದು ಇಲ್ಲದಂತೆಯೇ.

ನಮ್ಮ ಪಹಣಿಯ ಕೆಲಸ ಅಂದು ಆಗಲಿಲ್ಲ. ಕೆಲವು ತಿಂಗಳ ಮೇಲೆ ಮತ್ತೆ ಹೋದೆವು. ಗೋಡೆಯ ಮೇಲೆ ಅದೇ ಕಾಗದವಿತ್ತು, ಅಂಚು ಹಳದಿಯಾಗಿತ್ತು. ಮೇಲಿನ ಮೂವರಲ್ಲಿ ಒಬ್ಬರ ಹೆಸರಿನ ಮುಂದೆ ಯಾರೋ ಪೆನ್ಸಿಲಿನಿಂದ ಗುರುತು ಹಾಕಿದ್ದರು. ಗುಮಾಸ್ತರು ತಮ್ಮ ಮೇಜಿನಲ್ಲಿ ಕುಳಿತು ಕಡತವೊಂದನ್ನು ಕಟ್ಟುತ್ತಿದ್ದರು. ನಮ್ಮನ್ನು ಗುರುತಿಸಿ ನಕ್ಕು, ಎರಡು ಬೆರಳುಗಳನ್ನು ಎತ್ತಿ ತೋರಿಸಿದರು.